ಕಂಚಿಯ ಒಂದು ಕಂಬ ನೋಡಲು ಬಸ್ ಹತ್ತಿದ್ದು

ಚೆನ್ನೈನಿಂದ ಒಂದು ದಿನದ ಬಸ್ ಪ್ರವಾಸ ಅಂದರೆ ಎಲ್ಲರದ್ದೂ ಹೆಚ್ಚುಕಮ್ಮಿ ಒಂದೇ ದಾರಿ. ಬೆಳಿಗ್ಗೆ ಕಂಚಿ, ಮಧ್ಯಾಹ್ನ ಎಲ್ಲೋ ಹೈವೇ ಪಕ್ಕದಲ್ಲಿ ಊಟ, ಸಂಜೆ ಮಹಾಬಲಿಪುರ, ರಾತ್ರಿ ವಾಪಸ್. ಕಂಚಿಯ ಗುಡಿಗಳು ಮಧ್ಯಾಹ್ನ ಬಾಗಿಲು ಹಾಕಿದರೆ ಮತ್ತೆ ತೆರೆಯುವುದು ನಾಲ್ಕರ ಸುಮಾರಿಗೆ. ಹಾಗಾಗಿ ಬೆಳಗಿನ ಹೊತ್ತೆಲ್ಲ ಬರೀ ಓಟ. ಆ ಓಟದ ಮಧ್ಯೆ ನಾನು ನೋಡಲೇಬೇಕು ಅಂದುಕೊಂಡಿದ್ದು ಒಂದು ಕಂಬ. ಕೈಲಾಸನಾಥ ಗುಡಿಯ ಮಂಟಪದಲ್ಲಿ ಒಂದು ಕಂಬದ ಮೇಲೆ ಕನ್ನಡ ಶಾಸನ ಇದೆ, ಬಾದಾಮಿ ಚಾಲುಕ್ಯರ ಇಮ್ಮಡಿ ವಿಕ್ರಮಾದಿತ್ಯ ಹಾಕಿಸಿದ್ದು.

ನಾದಿನಿಯ ಮನೆ ವೇಳಚೇರಿಯಲ್ಲಿ. ರಜೆಗೆ ಅತ್ತೆಯ ಜೊತೆ ಹೋಗಿದ್ದೆ. ಕಾರು ಮಾಡಿಕೊಂಡು ಹೋಗೋಣ ಅಂದರೆ ಅತ್ತೆ ಒಪ್ಪಲಿಲ್ಲ. "ಬಸ್ಸಲ್ಲಾದ್ರೆ ನಾಲ್ಕು ಜನ ಇರ್ತಾರೆ, ಮಾತಾಡ್ಕೊಂಡು ಹೋಗಬಹುದು. ಕಾರಲ್ಲಿ ನಿನ್ನ ಮುಖ, ಡ್ರೈವರ್ ಬೆನ್ನು, ಅಷ್ಟೇ ಅಲ್ವೇನೇ?" ಅಂದರು. ಸರಿ, ಬಸ್ಸಿಗೇ ಹೊರಟೆವು. ಪುಣೆಯ ಗಂಡ ಹೆಂಡತಿ, ಕೋಲ್ಕತ್ತದ ಒಂದು ದೊಡ್ಡ ಕುಟುಂಬ, ಹಿಂದಿನ ಸೀಟಿನಲ್ಲಿ ಕಾಲೇಜು ಹುಡುಗರು. ಗೈಡ್ ಐವತ್ತು ದಾಟಿದವರು, ಕೈಯಲ್ಲಿ ಮಡಚಿದ ಕೊಡೆ. ತಮಿಳು, ಇಂಗ್ಲಿಷ್, ಅವಸರಕ್ಕೆ ಸ್ವಲ್ಪ ಹಿಂದಿ. ಎಲ್ಲರೂ ಅವರನ್ನು ಗೈಡ್ ಸಾರ್ ಅಂತಲೇ ಕರೆಯುತ್ತಿದ್ದರು.

ಕಂಚಿ ಚೆನ್ನೈಗೆ ಸುಮಾರು 75 ಕಿಲೋಮೀಟರ್. ಬೆಂಗಳೂರು ಹೈವೇಯಲ್ಲೇ ಹೋಗಿ ಎಡಕ್ಕೆ ತಿರುಗಬೇಕು. ಮಧ್ಯದಲ್ಲಿ ಶ್ರೀಪೆರಂಬದೂರು ಸಿಗುತ್ತದೆ. ಗೈಡ್ ಸಾರ್ ಅಲ್ಲಿನ ಕಾರ್ಖಾನೆಗಳ ಬಗ್ಗೆ, 1991ರಲ್ಲಿ ರಾಜೀವ್ ಗಾಂಧಿ ಹತ್ಯೆಯಾದ ಜಾಗದ ಬಗ್ಗೆ ಹೇಳಿದರು. ರಾಮಾನುಜಾಚಾರ್ಯರು ಹುಟ್ಟಿದ ಊರೂ ಇದೇ ಅಂದಾಗ ಅತ್ತೆ ಕೂತಲ್ಲಿಂದಲೇ ಕಿಟಕಿ ಕಡೆ ಕೈ ಮುಗಿದರು. ಅವರ ತವರು ಪಾಂಡವಪುರ, ಮೇಲುಕೋಟೆಯ ಪಕ್ಕ. ಪಕ್ಕದ ಸೀಟಿನ ಪುಣೆಯ ಹೆಂಗಸಿಗೆ ಮೇಲುಕೋಟೆ, ವೈರಮುಡಿ, ಪುಳಿಯೋಗರೆ ಮೂರನ್ನೂ ಕನ್ನಡದಲ್ಲೇ ವಿವರಿಸಿದರು. ಆಕೆ ಎಲ್ಲದಕ್ಕೂ ತಲೆ ಆಡಿಸಿದರು.

ಮೊದಲು ಏಕಾಂಬರೇಶ್ವರ. ಅದರ ರಾಜಗೋಪುರ ಕಟ್ಟಿಸಿದ್ದು ನಮ್ಮ ಕೃಷ್ಣದೇವರಾಯ, 1509ರಲ್ಲಿ. ಪಟ್ಟಕ್ಕೆ ಬಂದ ಹೊಸದರಲ್ಲೇ. ಕತ್ತು ನೋಯುವಷ್ಟು ಮೇಲೆ ನೋಡಿದರೆ ಮಾತ್ರ ತುದಿ ಕಾಣುತ್ತದೆ. ಒಳಗೆ ಉದ್ದುದ್ದ ಪ್ರಾಕಾರ, ನೂರಾರು ಕಂಬ, ಕಾಲಡಿ ತಣ್ಣನೆ ಕಲ್ಲು. ಅಲ್ಲಿಂದ ವರದರಾಜ ಪೆರುಮಾಳ್ ಗುಡಿ. ನೂರು ಕಂಬದ ಮಂಟಪದ ಮೂಲೆಯಲ್ಲಿ ಕಲ್ಲಿನ ಸರಪಳಿ ನೇತಾಡುತ್ತದೆ, ಒಂದೇ ಕಲ್ಲಿನಿಂದ ಕಡೆದದ್ದು. 2019ರಲ್ಲಿ ಅತ್ತಿ ವರದರು ಕೊಳದಿಂದ ಮೇಲೆ ಬಂದಾಗ ಇಲ್ಲಿ ಕಾಲಿಡಲೂ ಜಾಗ ಇರಲಿಲ್ಲ ಅಂತ ಗೈಡ್ ಹೇಳಿದರು. ಅತ್ತಿ ಮರದ ಆ ಮೂರ್ತಿ 40 ವರ್ಷಕ್ಕೊಮ್ಮೆ ಮಾತ್ರ ಹೊರಗೆ ಬರುತ್ತದೆ. ಮುಂದಿನದು 2059. ಅತ್ತೆ ಬೆರಳು ಮಡಚಿ ಲೆಕ್ಕ ಹಾಕಿ, "ನೀನು ಬಂದು ನೋಡು" ಅಂತ ನನಗೇ ಒಪ್ಪಿಸಿಬಿಟ್ಟರು. ಚಿನ್ನದ ಹಲ್ಲಿ ಮುಟ್ಟುವ ಸಾಲು ಬಹಳ ಉದ್ದ ಇತ್ತು. ಅದನ್ನು ಬಿಟ್ಟೆವು.

ಆಮೇಲೆ ಸೀರೆ ಅಂಗಡಿ. ಪ್ರವಾಸದ ಪಟ್ಟಿಯಲ್ಲಿ "ರೇಷ್ಮೆ ನೇಯ್ಗೆ ನೋಡುವುದು" ಅಂತ ಇತ್ತು. ಗುಡಿಗಳಿಗೆ ಇಪ್ಪತ್ತು, ಇಪ್ಪತ್ತೈದು ನಿಮಿಷ ಕೊಟ್ಟವರು ಇಲ್ಲಿ ಗಡಿಯಾರವನ್ನೇ ಮರೆತರು. ಬಾಗಿಲು ಮುಚ್ಚುವ ಹೊತ್ತು ಹತ್ತಿರ ಬರುತ್ತಿದೆ, ಕೈಲಾಸನಾಥ ಇನ್ನೂ ಬಾಕಿ. ಒಳಗೊಳಗೇ ಕುದಿಯುತ್ತಿದ್ದೆ. ಪ್ರವಾಸದ ಟಿಕೆಟ್ ಯಾಕೆ ಅಷ್ಟು ಅಗ್ಗ ಅನ್ನುವುದಕ್ಕೆ ಉತ್ತರ ಇಂಥ ಅಂಗಡಿಗಳಲ್ಲೇ ಇರುತ್ತದೆ ಅನ್ನುವುದು ನನ್ನ ಗುಮಾನಿ.

ಆದರೂ ಒಂದು ಮಾತು ಹೇಳಬೇಕು. ಅಂಗಡಿಯ ಮುಂದೆ ಇಟ್ಟಿದ್ದ ಮಗ್ಗ ಬರೀ ತೋರಿಕೆಯದಲ್ಲ. ನೇಯುತ್ತಿದ್ದವರು ನಿಜವಾದ ನೇಕಾರರು. ಒಡಲು ಒಂದು ಬಣ್ಣ, ಅಂಚು ಇನ್ನೊಂದು ಬಣ್ಣ ಇದ್ದರೆ ಒಂದು ಲಾಳಿ ಸಾಲದು. ಮೂರು ಲಾಳಿ ಬೇಕು. ಒಡಲಿಗೆ ಒಂದು, ಎರಡು ಅಂಚಿಗೆ ಒಂದೊಂದು. ಆ ಕಡೆಯ ಅಂಚಿನ ಲಾಳಿ ಎಸೆಯಲು ಪಕ್ಕದಲ್ಲಿ ಇನ್ನೊಬ್ಬರು ಕೂರಬೇಕು. ಅಂಚಿನ ನೂಲು, ಒಡಲಿನ ನೂಲು ಒಂದಕ್ಕೊಂದು ಕೊಂಡಿ ಹಾಕಿಕೊಂಡು ಸಾಗುತ್ತವೆ. ಇದಕ್ಕೆ ಕೊರ್ವೈ ಅನ್ನುತ್ತಾರೆ. ಸೀರೆ ಹರಿದರೂ ಅಂಚು ಬಿಡುವುದಿಲ್ಲ ಅನ್ನುವ ಮಾತು ಇದರಿಂದಲೇ ಬಂದದ್ದು. ನಾವು ಕನ್ನಡದಲ್ಲಿ ಮಾತಾಡುವುದು ಕೇಳಿ ಆ ನೇಕಾರರು, "ನೂಲು ನಿಮ್ಮ ಕಡೆಯದೇ ಅಮ್ಮಾ, ಜರಿ ಸೂರತ್ತಿನದು" ಅಂದರು. ನಮ್ಮ ರಾಮನಗರದ ಗೂಡು ಎಲ್ಲೆಲ್ಲಿಗೆ ಹೋಗುತ್ತದೆ ನೋಡಿ.

ಅತ್ತೆ ಕೌಂಟರಿನಲ್ಲಿ ಕೂತು ಒಂದು ಎಲೆ ಹಸಿರು ಸೀರೆ ಬಿಚ್ಚಿಸಿದರು. ಸೆರಗಿನ ತುದಿಯ ಒಂದು ಎಳೆ ಜರಿ ಹಿಡಿದು ಉಗುರಿನಿಂದ ಮೆಲ್ಲಗೆ ಕೆರೆದರು. ಒಳಗೆ ಕೆಂಪು ರೇಷ್ಮೆ ಕಂಡರೆ ಅಸಲಿ ಜರಿ ಅನ್ನುವುದು ಅವರ ಲೆಕ್ಕ. ಇವರ ಉಗುರಿಗೆ ಸಿಕ್ಕಿದ್ದು ಬಿಳಿ. ಏನೂ ಮಾತಾಡದೆ ಸೀರೆ ಮಡಚಿ ಹಿಂದಕ್ಕೆ ಕೊಟ್ಟರು. ಅಂಗಡಿಯ ಹುಡುಗ ಅವರ ಮುಖ ನೋಡಿ ಇನ್ನೊಂದು ಕಪಾಟು ತೆಗೆದ. ಅತ್ತೆ ಎದ್ದು ನಿಂತಾಗಿತ್ತು.

ಕೈಲಾಸನಾಥ ಗುಡಿ ಊರಿನ ಪಶ್ಚಿಮದ ಅಂಚಿನಲ್ಲಿದೆ. ಬೇರೆ ಗುಡಿಗಳ ಹಾಗೆ ಹೂವಿನ ಅಂಗಡಿ ಸಾಲು ಇಲ್ಲ, ನೂಕುನುಗ್ಗಲು ಇಲ್ಲ. ಕಟ್ಟಿಸಿದ್ದು ಪಲ್ಲವರ ರಾಜಸಿಂಹ, 8ನೇ ಶತಮಾನದ ಮೊದಲಲ್ಲಿ. ಬುಡದಲ್ಲಿ ಗಟ್ಟಿ ಕಲ್ಲು, ಮೇಲೆಲ್ಲ ಮರಳುಗಲ್ಲು. ಸುತ್ತಲಿನ ಗೋಡೆಗೆ ಅಂಟಿಕೊಂಡಂತೆ 58 ಪುಟ್ಟ ಪುಟ್ಟ ಗುಡಿಗಳು. ಹಿಂಗಾಲ ಮೇಲೆ ಎದ್ದು ನಿಂತ ಸಿಂಹಗಳೇ ಕಂಬ ಹೊತ್ತಿವೆ. ಕೆಲವು ಗೂಡುಗಳ ಒಳಗೆ ಹಳೆಯ ಬಣ್ಣದ ಚೂರುಗಳು ಇನ್ನೂ ಇವೆ. ಒಂದು ಕಣ್ಣು, ಒಂದು ಕಿರೀಟದ ಅಂಚು, ಅಷ್ಟೇ.

ಗೈಡ್ ಸಾರ್ ಎಲ್ಲರಿಗೂ ಹೇಳಿದ ಕಥೆ ಹೀಗೆ: ಚಾಲುಕ್ಯರ ರಾಜ ಕಂಚಿಯನ್ನು ಗೆದ್ದ, ಈ ಗುಡಿಯ ಚೆಲುವು ನೋಡಿ ಮನ ಸೋತ, ಒಂದು ಕಲ್ಲನ್ನೂ ಮುಟ್ಟದೆ ಹೋದ. ಹೇಳಿ ಮುಗಿಸಿ ಎಲ್ಲರನ್ನೂ ಗರ್ಭಗುಡಿಯ ಕಡೆ ಕರೆದುಕೊಂಡು ಹೋದರು. ಅಲ್ಲಿ ಹದಿನಾರು ಮುಖದ ದೊಡ್ಡ ಲಿಂಗ. ಅದರ ಸುತ್ತ ಕಿರಿದಾದ ಒಂದು ಓಣಿ. ಒಂದು ಕಡೆ ತೂರಿ ಇನ್ನೊಂದು ಕಡೆ ಬಗ್ಗಿ ಹೊರಗೆ ಬಂದರೆ ಮರುಜನ್ಮ ಇಲ್ಲ ಅಂತ ನಂಬಿಕೆ. ಕೋಲ್ಕತ್ತದ ಕುಟುಂಬ ಪೂರ್ತಿ ಸಾಲಾಗಿ ನಿಂತಿತು. ಅತ್ತೆ ಆ ಕಿಂಡಿಯನ್ನು ನೋಡಿ ತಮ್ಮ ಮಂಡಿಯನ್ನು ನೋಡಿಕೊಂಡರು. "ಇನ್ನೊಂದು ಜನ್ಮ ಬಂದ್ರೂ ಪರವಾಗಿಲ್ಲ, ನಾನಂತೂ ಇದರೊಳಗೆ ತೂರಲ್ಲ" ಅಂದು ಕಂಬಕ್ಕೆ ಒರಗಿ ಕೂತರು.

ಇದೇ ಸಮಯ ಅಂತ ನಾನು ಗೈಡ್ ಹತ್ತಿರ ಹೋಗಿ ಕನ್ನಡ ಶಾಸನ ಎಲ್ಲಿದೆ ಅಂತ ಕೇಳಿದೆ. ಅವರು ಒಂದು ಕ್ಷಣ ನನ್ನನ್ನೇ ನೋಡಿದರು. "ಇದೆ ಮೇಡಂ. ಯಾರೂ ಕೇಳೋದಿಲ್ಲ, ಅದಕ್ಕೆ ತೋರಿಸೋದಿಲ್ಲ" ಅಂದು ಮಂಟಪಕ್ಕೆ ಕರೆದುಕೊಂಡು ಹೋದರು. ದಪ್ಪ ಕಂಬದ ಹಿಂದಿನ ಮುಖ. ಸುಮ್ನೆ ನೋಡಿದರೆ ಒರಟು ಕಲ್ಲು. ಅವರು ಮೊಬೈಲ್ ಟಾರ್ಚ್ ಹಚ್ಚಿ ಕಂಬಕ್ಕೆ ಆನಿಸಿ ಹಿಡಿದು ಪಕ್ಕದಿಂದ ಬೆಳಕು ಬಿಟ್ಟರು. ಪ್ರತಿ ಗೀರಿಗೂ ನೆರಳು ಬಿತ್ತು, ಸಾಲುಗಳು ಒಂದೊಂದಾಗಿ ಎದ್ದು ಬಂದವು. ಅಲ್ಲೊಂದು ಇಲ್ಲೊಂದು ಅಕ್ಷರ ಗುರುತು ಹತ್ತಿದ ಹಾಗಾಯಿತು. ಓದಿದೆ ಅಂತ ಹೇಳಿದರೆ ಸುಳ್ಳಾಗುತ್ತದೆ. ಸುಮಾರು ಸಾವಿರದ ಇನ್ನೂರ ಎಂಬತ್ತು ವರ್ಷ ಹಳೆಯ ಲಿಪಿ ಅದು.

ಅದರಲ್ಲಿರುವ ಮುಖ್ಯ ಮಾತು ನನಗೆ ಮೊದಲೇ ಗೊತ್ತಿತ್ತು. ವಿಕ್ರಮಾದಿತ್ಯ ಕಂಚಿಯನ್ನು ಗೆದ್ದ, ರಾಜಸಿಂಹೇಶ್ವರದ, ಅಂದರೆ ಇದೇ ಗುಡಿಯ, ಸಂಪತ್ತನ್ನು ಕಂಡ, ಅದನ್ನು ತೆಗೆದುಕೊಳ್ಳದೆ ದೇವರಿಗೇ ಬಿಟ್ಟುಕೊಟ್ಟ. ಚೆಲುವಿನ ಮಾತು ಗೈಡ್‌ಗಳು ಸೇರಿಸಿದ್ದು. ಶಾಸನ ಹೇಳುವುದು ಸಂಪತ್ತಿನ ವಿಷಯ. ಇನ್ನೂ ಒಂದು ವಿಷಯ ಇದೆ. ಸೋತವನ ಊರಿನಲ್ಲಿ, ಅವನ ಮನೆತನದ ಗುಡಿಯಲ್ಲೇ, ಗೆದ್ದವನ ಭಾಷೆಯಲ್ಲಿ "ನಾನು ಕೊಳ್ಳೆ ಹೊಡೆಯಲಿಲ್ಲ" ಅಂತ ಕೆತ್ತಿಸುವುದರಲ್ಲಿ ಔದಾರ್ಯ ಎಷ್ಟಿದೆಯೋ ಜಂಬವೂ ಅಷ್ಟೇ ಇದೆ. ಅವನೇನೂ ಬರಿಗೈಯಲ್ಲಿ ಹೋಗಲಿಲ್ಲ. ಪಲ್ಲವರ ಆನೆ, ಮಾಣಿಕ್ಯ, ಯುದ್ಧದ ವಾದ್ಯ, ಧ್ವಜ ಎಲ್ಲ ಹೊತ್ತುಕೊಂಡು ಹೋದ ಅಂತ ಅವನ ಮಗ ಇಮ್ಮಡಿ ಕೀರ್ತಿವರ್ಮನ ತಾಮ್ರಪಟಗಳೇ ಹೇಳುತ್ತವೆ. ಅಂಥದ್ದೊಂದು ತಾಮ್ರಪಟ ಸಿಕ್ಕಿದ್ದು ಕೋಲಾರದ ಹತ್ತಿರದ ವಕ್ಕಲೇರಿಯಲ್ಲಿ.

ಹಾಗಂತ ಗೈಡ್ ಹೇಳಿದ್ದು ಪೂರಾ ಕಟ್ಟುಕಥೆಯೂ ಅಲ್ಲ. ಈ ಗುಡಿ ಅವನ ಕಣ್ಣಿಗೆ ಹಿಡಿಸಿರಲೇಬೇಕು. ಅವನ ರಾಣಿ ಲೋಕಮಹಾದೇವಿ ಕಂಚಿಯ ಗೆಲುವಿನ ನೆನಪಿಗೆ ಪಟ್ಟದಕಲ್ಲಿನಲ್ಲಿ ವಿರೂಪಾಕ್ಷ ಗುಡಿ ಕಟ್ಟಿಸಿದಳು. ಪ್ರಾಕಾರದ ಗೋಡೆಗೆ ಅಂಟಿದ ಪುಟ್ಟ ಗುಡಿಗಳು, ಮೆಟ್ಟಿಲು ಮೆಟ್ಟಿಲಾಗಿ ಏರುವ ಶಿಖರ, ಎಲ್ಲದರಲ್ಲೂ ಕೈಲಾಸನಾಥದ ಛಾಯೆ ಇದೆ. ಪಟ್ಟದಕಲ್ಲನ್ನು ನೋಡಿ ಇಲ್ಲಿಗೆ ಬಂದವರಿಗೆ ಇದು ಹೊಸ ಜಾಗ ಅನ್ನಿಸುವುದೇ ಇಲ್ಲ.

ಇದನ್ನೆಲ್ಲ ಗೈಡ್‌ಗೆ ಹೇಳಿದೆ. ಅವರು ಪಟ್ಟದಕಲ್ಲು ನೋಡಿರಲಿಲ್ಲ. ಇನ್ನೂ ಏನೋ ಕೇಳುವವರಿದ್ದರು, ಅಷ್ಟರಲ್ಲಿ ಓಣಿಯಿಂದ ಹೊರಗೆ ಬರುವ ಕಿಂಡಿಯಲ್ಲಿ ಕಾಲೇಜು ಹುಡುಗನೊಬ್ಬ ಬ್ಯಾಗಿನ ಸಮೇತ ಸಿಕ್ಕಿಹಾಕಿಕೊಂಡ. ಅವನ ಬ್ಯಾಗು ಬಿಡಿಸಿ, ಅವನನ್ನು ಎಳೆದು, ಎಲ್ಲರೂ ನಕ್ಕು ಹೊರಗೆ ಬರುವ ಹೊತ್ತಿಗೆ ಕಾವಲಿನವರು ಬಾಗಿಲು ಹಾಕಲು ನಿಂತಿದ್ದರು.

ಊಟದ ಬಗ್ಗೆ ಹೇಳುವಂಥದ್ದು ಏನೂ ಇಲ್ಲ. ಚೆಂಗಲ್ಪಟ್ಟು ದಾಟುವವರೆಗೆ ಇಡೀ ಬಸ್ಸು ಮಲಗಿತ್ತು.

ಮಹಾಬಲಿಪುರದ ಇನ್ನೊಂದು ಹೆಸರು ಮಾಮಲ್ಲಪುರ. ಮಾಮಲ್ಲ ಅಂದರೆ ಪಲ್ಲವರ ಒಂದನೇ ನರಸಿಂಹವರ್ಮ, 642ರಲ್ಲಿ ಬಾದಾಮಿಗೆ ನುಗ್ಗಿ ಇಮ್ಮಡಿ ಪುಲಿಕೇಶಿಯನ್ನು ಸೋಲಿಸಿದವನು. ವಾತಾಪಿಕೊಂಡ, ಅಂದರೆ ಬಾದಾಮಿಯನ್ನು ಗೆದ್ದವನು, ಅನ್ನುವ ಬಿರುದು ಬಂದದ್ದು ಅದಕ್ಕೇ. ಸುಮಾರು ನೂರು ವರ್ಷದ ಮೇಲೆ ವಿಕ್ರಮಾದಿತ್ಯ ಕಂಚಿಗೆ ಬಂದದ್ದರ ಹಿಂದೆ ಆ ಹಳೆಯ ಉರಿ ಇತ್ತು. ಬೆಳಿಗ್ಗೆ ಗೆದ್ದ ನಮ್ಮವರ ಗುರುತು, ಸಂಜೆ ನಮ್ಮವರನ್ನು ಸೋಲಿಸಿದವನ ಊರು. ಪ್ರವಾಸದ ದಾರಿ ಹಾಕಿದವರಿಗೆ ಇದು ಹೊಳೆದಿರಲಿಕ್ಕಿಲ್ಲ.

ಪಂಚರಥಗಳನ್ನು ಕಟ್ಟಿದ್ದಲ್ಲ, ಬಂಡೆಯನ್ನು ಮೇಲಿನಿಂದ ಕೆಳಗೆ ಕಡೆಯುತ್ತಾ ಬಂದು ಮಾಡಿದ್ದು. ಹಾಗಾಗಿ ಶಿಖರ ಪೂರ್ತಿಯಾಗಿದೆ, ಬುಡ ಅರ್ಧಕ್ಕೇ ನಿಂತಿದೆ. ದ್ರೌಪದಿ ರಥ ಹುಲ್ಲಿನ ಗುಡಿಸಲಿನಂತೆಯೇ ಇದೆ. ಅರ್ಜುನನ ತಪಸ್ಸಿನ ಬಂಡೆಯಲ್ಲಿ ಅತ್ತೆಗೆ ಹಿಡಿಸಿದ್ದು ಅರ್ಜುನನೂ ಅಲ್ಲ, ಗಂಗೆಯೂ ಅಲ್ಲ. ಆನೆಯ ಕಾಲ ಹತ್ತಿರ ಒಂದು ಬೆಕ್ಕು ಎರಡೂ ಕೈ ಮೇಲೆತ್ತಿ ತಪಸ್ಸಿಗೆ ನಿಂತಿದೆ, ಸುತ್ತ ಇಲಿಗಳು. "ಇದನ್ನ ಕೆತ್ತಿದವನಿಗೆ ಯಾರ ಮೇಲೋ ಸಿಟ್ಟಿತ್ತು ಅನ್ಸುತ್ತೆ" ಅಂದರು. ಕಡಲ ತಡಿಯ ಗುಡಿ ಮತ್ತೆ ಅದೇ ರಾಜಸಿಂಹನದು. ಉಪ್ಪುಗಾಳಿ ಹೊರಗಿನ ಕೆತ್ತನೆಗಳನ್ನೆಲ್ಲ ಸವೆಸಿಬಿಟ್ಟಿದೆ. ಬಸ್ಸಿನವರೆಲ್ಲ ಫೋಟೋಗೆ ನಿಂತಿದ್ದು ಮಾತ್ರ ಕೃಷ್ಣನ ಬೆಣ್ಣೆಮುದ್ದೆ ಬಂಡೆಯ ಹತ್ತಿರ, ಕೈಯಿಂದ ತಡೆದು ನಿಲ್ಲಿಸಿದ ಹಾಗೆ. ನಾವೂ ನಿಂತೆವು.

ವಾಪಸ್ ಬರುವಾಗ ಈಸ್ಟ್ ಕೋಸ್ಟ್ ರಸ್ತೆಯಲ್ಲಿ ಟ್ರಾಫಿಕ್. ಗೈಡ್ ಸಾರ್ ನಮ್ಮ ಎದುರಿನ ಸೀಟಿಗೆ ಬಂದು ಕೂತು ಬಾದಾಮಿಗೆ ಹೋಗುವುದು ಹೇಗೆ ಅಂತ ಕೇಳಿದರು. ಹುಬ್ಬಳ್ಳಿಗೆ ಬನ್ನಿ, ಅಲ್ಲಿಂದ ಗದಗ ದಾಟಿ ಹೋಗುವ ರೈಲು, ಬಾದಾಮಿ ಸ್ಟೇಷನ್ ಊರಿಂದ ಸ್ವಲ್ಪ ದೂರ, ಬೇಸಿಗೆಯಲ್ಲಿ ಮಾತ್ರ ಬರಬೇಡಿ, ಬಂಡೆಗಳು ಕಾದಿರುತ್ತವೆ ಅಂದೆ. ಎಲ್ಲವನ್ನೂ ಮೊಬೈಲಿನಲ್ಲಿ ಬರೆದುಕೊಂಡರು. ಮಾಮಲ್ಲ ಬಾದಾಮಿಯ ಬಂಡೆಯ ಮೇಲೆ ಹಾಕಿಸಿದ ಶಾಸನ ಈಗಲೂ ಅಲ್ಲಿದೆ, ಬಹಳ ಸವೆದಿದೆ ಅಂತಲೂ ಹೇಳಿದೆ.

"ನಿಮ್ಮ ಗೈಡ್‌ಗಳು ಅದನ್ನ ತೋರಿಸ್ತಾರಾ ಮೇಡಂ?"

"ಕೇಳಿದರೆ ತೋರಿಸ್ತಾರೆ ಸಾರ್."

ನಿದ್ದೆ ಮಾಡುತ್ತಿದ್ದಾರೆ ಅಂದುಕೊಂಡಿದ್ದ ಅತ್ತೆ ಕಣ್ಣು ಬಿಡದೆಯೇ ಅಂದರು, "ಅದಕ್ಕೂ ಮೊದಲು ಇಳಕಲ್ ಸೀರೆ ಅಂಗಡಿಗೆ ಕರ್ಕೊಂಡು ಹೋಗ್ತಾರೆ ಅಂತ ಹೇಳೇ ಅವರಿಗೆ."