ಗೀ ಅನ್ನೋಕೆ ಮಂದಿ ಬೇಕು

ಲೀ ಹಿರ್ಷ್ ಅನ್ನೋ ಅಮೆರಿಕದ ಹುಡುಗ ಇಪ್ಪತ್ತರ ಆಸುಪಾಸಿನಲ್ಲಿ ದಕ್ಷಿಣ ಆಫ್ರಿಕಾಕ್ಕೆ ಹೋಗಿ, ಬಿಳಿಯರ ವರ್ಣಭೇದ ಆಡಳಿತದ ವಿರುದ್ಧ ಅಲ್ಲಿನ ಕರಿಯ ಜನ ಕಟ್ಟಿದ ಹೋರಾಟದ ಹಾಡುಗಳ ಬೆನ್ನು ಹತ್ತಿದ. ಒಂದೇ ಸಾಕ್ಷ್ಯಚಿತ್ರ. ಒಂಬತ್ತು ವರ್ಷ ಹಿಡಿಯಿತು! 2002ರಲ್ಲಿ ಬಂದ ಆ ಚಿತ್ರದ ಹೆಸರು ‘ಅಮಾಂಡ್ಲಾ’, ಅಂದ್ರೆ ಶಕ್ತಿ. ಧಾರವಾಡದ ನನ್ನ ಕೋಣೆಯಲ್ಲಿ ಅದನ್ನು ಮೂರು ಸಲ ನೋಡಿದ್ದೇನೆ.

ಗೋರಿ ಅಗೆಯೋದರಿಂದ ಶುರು. ವುಯಿಸಿಲೆ ಮಿನಿಯ ಎಲುಬು ಹುಡುಕ್ತಿರುತ್ತಾರೆ. ಕಾರ್ಮಿಕ ಸಂಘದ ಮನುಷ್ಯ, ಪ್ರಧಾನಿ ವೆರ್ವುರ್ಡ್‌ನ ಹೆಸರು ಹಿಡಿದೇ ‘ಹುಷಾರಾಗಿರು’ ಅಂತ ಹಾಡು ಕಟ್ಟಿದವನು. 1964ರಲ್ಲಿ ಪ್ರಿಟೋರಿಯಾದ ಜೈಲಿನಲ್ಲಿ ನೇಣಿಗೆ ಹಾಕಿದರು, ಹಾಡುತ್ತಲೇ ಹೋದನಂತೆ. ದಿಕ್ಕಿಲ್ಲದವರ ಗುಂಡಿಯಲ್ಲಿ ಹೂತಿದ್ದವನನ್ನು 1998ರಲ್ಲಿ ತೆಗೆದು, ಪೋರ್ಟ್ ಎಲಿಜಬೆತ್‌ನಲ್ಲಿ ಗೌರವದಿಂದ ಮಣ್ಣು ಮಾಡಿದರು.

ಚಿತ್ರದಲ್ಲಿ ಅಲ್ಲಿನ ಹೆಸರಾಂತ ಗಾಯಕಿ ಮಿರಿಯಂ ಮಕೇಬಾ ಕೂಡ ಇದ್ದಾರೆ. 1960ರಲ್ಲಿ ಹೆತ್ತ ತಾಯಿಯ ಮಣ್ಣಿಗೂ ಊರಿಗೆ ಬರೋಕೆ ಸರ್ಕಾರ ಬಿಡಲಿಲ್ಲ ಅವರನ್ನ. ವಾಪಸ್ ಬಂದದ್ದು 1990ರಲ್ಲಿ.

ನನಗೆ ಜಾಸ್ತಿ ಹಿಡಿಸಿದ್ದು ಬೇರೆ. ಅಲ್ಲಿ ಒಬ್ಬರು ಒಂದು ಸಾಲು ಎತ್ತಿದರೆ ಸಾಕು, ಸುತ್ತ ಇದ್ದವರೆಲ್ಲ ಕೂಡಿಕೊಳ್ತಾರೆ. ‘ಟೊಯಿ ಟೊಯಿ’ ಅಂತ ಕಾಲು ಕುಣಿಸುತ್ತಾ ಸಾವಿರಾರು ಮಂದಿ ಎದುರಿಗೆ ಬಂದರೆ, ಬಂದೂಕು ಹಿಡಿದ ಪೊಲೀಸರಿಗೇ ಎದೆ ನಡುಗ್ತಿತ್ತು.

ಇದರ ಅರ್ಥ ಆಗಿದ್ದು ನವಲಗುಂದ ಕಡೆಯ ಒಂದು ಹಳ್ಳಿಯಲ್ಲಿ. 1980ರಲ್ಲಿ ಮಲಪ್ರಭಾ ಕಾಲುವೆಯ ಕರದ ವಿರುದ್ಧ ನರಗುಂದ, ನವಲಗುಂದದ ರೈತರು ಎದ್ದಿದ್ದರಲ್ವಾ, ಆಗ ಗೀಗೀ ಪದ (ಒಬ್ಬರು ಹಾಡಿದರೆ ಹಿಂದಿನವರು ‘ಗೀ’ ಅಂತ ದನಿಗೂಡಿಸೋ ಮೇಳದ ಹಾಡು) ಹಾಡಿದ್ದ ಒಬ್ಬ ಅಜ್ಜನ ಮನೆಗೆ ಕ್ಯಾಮೆರಾ ತಗೊಂಡು ಹೋಗಿದ್ದೆ. ಅಟ್ಟದಿಂದ ದಪ್ಪು ಇಳಿಸಿ ಧೂಳು ಒರೆಸಿದರು, ಒಲೆಯ ಹತ್ತಿರ ಹಿಡಿದು ಚರ್ಮ ಕಾಯಿಸಿದರು, ಎರಡು ಪೆಟ್ಟು ಹಾಕಿದರು. ಆಮೇಲೆ ಕೆಳಗಿಟ್ಟುಬಿಟ್ಟರು.

‘ಯಾಕ್ರಿ ಅಜ್ಜಾರ?’

‘ಹೆಂಗ ಹಾಡ್ಲೆಪಾ ತಮ್ಮಾ, ಹಿಂದ ಗೀ ಅನ್ನಾವ್ರು ಬೇಕಲ್ಲ.’

ನಾನು ದನಿ ಸೇರಿಸಲಾ ಅಂದೆ. ತಲೆ ಅಲ್ಲಾಡಿಸಿ, ಮೊದಲು ರೊಟ್ಟಿ ತಿನ್ನು ಅಂದರು.

ಅವತ್ತು ಬೇಜಾರಾಗಿತ್ತು. ಈಗ ನೋಡಿದರೆ ತಪ್ಪು ನನ್ನದೇ. ಒಬ್ಬರನ್ನೇ ಗೋಡೆಗೆ ಕೂರಿಸಿ ಹಾಡಿ ಅಂದರೆ ಮೇಳದ ಹಾಡು ಎಲ್ಲಿಂದ ಬರಬೇಕು? ಹಿರ್ಷ್‌ಗೆ ಅಷ್ಟು ವರ್ಷ ಯಾಕೆ ಬೇಕಾಯಿತು ಅನ್ನೋದು ಈಗ ಸ್ವಲ್ಪ ತಿಳೀತಿದೆ.

ಅಜ್ಜನ ಮೇಳದಲ್ಲಿ ಹಿಂದೆ ಹಾಡ್ತಿದ್ದವರು ಇಬ್ಬರು. ಒಬ್ಬರು ತೀರಿಕೊಂಡಿದ್ದಾರೆ. ಇನ್ನೊಬ್ಬರು ಹುಬ್ಬಳ್ಳಿಯಲ್ಲಿ ಮಗನ ಮನೆಯಲ್ಲಿದ್ದಾರೆ, ಮೇಳದಲ್ಲಿ ನುಡಿಸ್ತಿದ್ದ ತಂತಿವಾದ್ಯ ತುಂತುಣಿ ಇನ್ನೂ ಇಟ್ಟುಕೊಂಡಿದ್ದಾರಂತೆ. ಈ ಭಾನುವಾರ ಅವರನ್ನು ಕರಕೊಂಡು ನವಲಗುಂದದ ಬಸ್ ಹತ್ತುತ್ತೇನೆ.