ಪಾದಗಳಷ್ಟೇ ನಟಿಸಿದ ಚಿತ್ರ

ಇಟಲಿಯ ಟುರಿನ್ ನಗರದ ಚಲನಚಿತ್ರ ಸಂಗ್ರಹಾಲಯವನ್ನು ನೋಡಿ ಬಂದ ಸಂಜೆಯೇ, ಆ ಊರಿನ ಚಿಕ್ಕ ಸಭಾಂಗಣವೊಂದರಲ್ಲಿ ಪಿಯಾನೊ ವಾದನದೊಂದಿಗೆ ಎರಡು ಮೂಕಿ ಹಾಸ್ಯಚಿತ್ರಗಳನ್ನು ನೋಡುವ ಅವಕಾಶ ನನಗೆ ಒದಗಿತು. ಎರಡನ್ನೂ ತಯಾರಿಸಿದ್ದು ಅದೇ ಊರಿನ ಸಂಸ್ಥೆಗಳು.

ಮೊದಲನೆಯದು ಇಟಾಲಾ ಫಿಲ್ಮ್ ಸಂಸ್ಥೆಯ 1909ರ ‘ಕ್ರೆಟಿನೆಟ್ಟಿ ಕೆ ಬೆಲ್ಲೊ’. ಫ್ರಾನ್ಸ್‌ನಿಂದ ಬಂದ ಆಂದ್ರೆ ಡೀಡ್ ಇಟಲಿಯಲ್ಲಿ ಮನೆಮಾತಾದದ್ದು ಕ್ರೆಟಿನೆಟ್ಟಿ ಎಂಬ ಪಾತ್ರದಿಂದ. ಮದುವೆಗೆಂದು ಸಿಂಗರಿಸಿಕೊಂಡು ಹೊರಟ ಅವನ ಚೆಲುವಿಗೆ ಮರುಳಾದ ಹೆಂಗಸರು ಬೆನ್ನಟ್ಟಿ ಬಂದು ಅವನನ್ನು ತುಂಡುತುಂಡು ಮಾಡುತ್ತಾರೆ. ಆ ತುಂಡುಗಳು ತಾವಾಗಿಯೇ ಕೂಡಿಕೊಂಡು ಅವನು ಮತ್ತೆ ಮನುಷ್ಯನಾಗುತ್ತಾನೆ. ಚಮತ್ಕಾರದ ಚಿತ್ರಗಳಿಗೆ ಹೆಸರಾದ ಫ್ರೆಂಚ್ ನಿರ್ದೇಶಕ ಮೆಲಿಯೆಸ್‌ನ ಚಿತ್ರಗಳಲ್ಲಿ ನಟಿಸಿದ್ದ ಡೀಡ್‌ಗೆ ಇಂಥ ಕ್ಯಾಮೆರಾ ಚಮತ್ಕಾರಗಳು ಕರಗತವಾಗಿದ್ದವು. ಸಭೆಯೆಲ್ಲ ನಗುತ್ತಿದ್ದರೂ, ನೋವೇ ಇಲ್ಲದ ಆ ದೇಹವನ್ನು ಕಂಡು ನಾನು ನಕ್ಕದ್ದಕ್ಕಿಂತ ಬೆರಗಾದದ್ದೇ ಹೆಚ್ಚು.

ಆದರೆ ನನ್ನ ಮನಸ್ಸನ್ನು ಸೆರೆಹಿಡಿದದ್ದು ಆಂಬ್ರೋಸಿಯೊ ಸಂಸ್ಥೆಯ 1914ರ ‘ಆಮೋರ್ ಪೆದೆಸ್ತ್ರೆ’. ರೊಬಿನೆ ಎಂಬ ಪಾತ್ರದಿಂದ ಹೆಸರಾಗಿದ್ದ ಮಾರ್ಸೆಲ್ ಫಾಬ್ರ್ ಅದರಲ್ಲಿ ಇಡೀ ಪ್ರೇಮಕಥೆಯನ್ನು ಮೊಣಕಾಲಿನ ಕೆಳಗಷ್ಟೇ ತೋರಿಸುತ್ತಾನೆ. ಹೆಂಗಸಿನ ಷೂಗಳ ಹಿಂದೆ ಗಂಡಸಿನ ಷೂಗಳು ಹೊರಡುತ್ತವೆ, ಸೇನಾಧಿಕಾರಿಯ ಬೂಟುಗಳು ಅಡ್ಡ ಬರುತ್ತವೆ, ದ್ವಂದ್ವಯುದ್ಧವೂ ಕಾಲುಗಳ ಚಲನೆಯಲ್ಲೇ ನಡೆಯುತ್ತದೆ. ಮುಖಗಳು ಯಾವಾಗ ಕಂಡಾವು ಎಂದು ಆರಂಭದಲ್ಲಿ ಕಾಯುತ್ತಿದ್ದ ನಾನು, ಹಿಮ್ಮಡಿಯ ಒಂದು ಸಣ್ಣ ತಿರುವಿನಲ್ಲೇ ಸಂಕೋಚವನ್ನೂ ನೆಲಕ್ಕೆ ಒತ್ತಿ ನಿಂತ ಬೂಟಿನಲ್ಲೇ ಸಿಟ್ಟನ್ನೂ ಓದತೊಡಗಿದ ಮೇಲೆ ಮುಖಗಳನ್ನು ಮರೆತೇಬಿಟ್ಟೆ. ಮರುವರ್ಷ, ಫ್ಯೂಚರಿಸಂ ಎಂಬ ಕಲಾ ಚಳವಳಿಯನ್ನು ಹುಟ್ಟುಹಾಕಿದ ಇಟಲಿಯ ಕವಿ ಮರಿನೆಟ್ಟಿ, ರಂಗದ ಪರದೆಯನ್ನು ಅರ್ಧವಷ್ಟೇ ಎತ್ತಿ, ಕಾಲುಗಳು ಮಾತ್ರ ಕಾಣುವ ಪುಟ್ಟ ನಾಟಕವೊಂದನ್ನು ಬರೆದ. ಕಲಾ ಚರಿತ್ರೆಯಲ್ಲಿ ಆ ನಾಟಕಕ್ಕೆ ಸಲ್ಲುವ ಮನ್ನಣೆ, ಜನಸಾಮಾನ್ಯರನ್ನು ನಗಿಸಲೆಂದು ತಯಾರಾದ ಈ ಕಿರುಚಿತ್ರಕ್ಕೂ ಸಲ್ಲಲೇಬೇಕು ಎಂಬುದು ನನ್ನ ದೃಢವಾದ ನಿಲುವು.

ಪ್ರದರ್ಶನ ಮುಗಿದ ಮೇಲೆ ಪಿಯಾನೊ ನುಡಿಸಿದವರ ಬಳಿಗೆ ಹೋಗಿ, ಎರಡರಲ್ಲಿ ಯಾವುದಕ್ಕೆ ನುಡಿಸುವುದು ಕಷ್ಟ ಎಂದು ಕೇಳಿದೆ. ಓಟದ ಚಿತ್ರದಲ್ಲಿ ಲಯ ತಾನಾಗಿಯೇ ಸಿಗುತ್ತದೆ, ಮುಂದಿನ ಹೊಡೆತದ ಸುಳಿವನ್ನು ನಟನ ಮುಖವೇ ಕೊಡುತ್ತದೆ ಎಂದರು ಅವರು. ಪಾದಗಳ ಚಿತ್ರದಲ್ಲಿ ಅಂಥ ಸುಳಿವೇ ಇಲ್ಲದ್ದರಿಂದ, ಬೆರಳುಗಳನ್ನು ಪಿಯಾನೊದ ಮನೆಗಳ ಮೇಲಿಟ್ಟುಕೊಂಡು ಆ ಷೂಗಳು ಕದಲುವವರೆಗೂ ಕಾಯುತ್ತಾರಂತೆ.