ಎಲೆ ಸ್ಪೀಕರ್

ಬೆಂಗಳೂರಿನ ವಿಜ್ಞಾನ ಸಂಸ್ಥೆ ಐಐಎಸ್‌ಸಿಯ ರೋಹಿಣಿ ಬಾಲಕೃಷ್ಣನ್ ಮೇಡಂ ಟೀಮ್ ಟ್ರೀ ಕ್ರಿಕೆಟ್ ಅನ್ನೋ ಜೀರುಂಡೆಗಳ ಮೇಲೆ ಮಾಡಿರೋ ಕೆಲಸ ಓದ್ತಿದ್ದೆ, ಸಖತ್ತಾಗಿದೆ. ಗಂಡು ರೆಕ್ಕೆ ಉಜ್ಜಿ ಕಿರ್ರ್ ಅಂತ ಕರೆಯುತ್ತೆ, ಹೆಣ್ಣಿಗೆ ಜೋರು ದನಿಯವನೇ ಬೇಕು, ಹಂಗಾದ್ರೆ ಸಣ್ಣ ಮೈಯ ಮೆತ್ತನೆ ದನಿಯವನು ಏನ್ಮಾಡ್ಬೇಕು ಹೇಳಿ? ಎಲೆ ಮಧ್ಯ ಕಚ್ಚಿ ಕಚ್ಚಿ ತೂತು ಮಾಡ್ತಾನೆ, ಅದರೊಳಗೆ ತಲೆ ತೂರಿಸಿ ರೆಕ್ಕೆನ ಎಲೆಗೆ ಒತ್ತಿಟ್ಟು ಹಾಡ್ತಾನೆ, ಸೌಂಡು ಡಬಲ್ಲು! ಹೆಣ್ಣು ನಂಬ್ಕೊಂಡು ಬರ್ತಾಳೆ, ಜಾಸ್ತಿ ಹೊತ್ತು ಜೊತೆಗೂ ಇರ್ತಾಳೆ. ಇದೆಲ್ಲ ಎಲ್ಲೋ ಅಮೆಜಾನ್ ಕಾಡಲ್ಲಲ್ಲ, ನಮ್ ಚಿಕ್ಕಬಳ್ಳಾಪುರದ ಕಡೆ ಪೊದೆಗಳಲ್ಲಿ.

ಈ ಟೀಮಿನ 2020ರ ಸಂಶೋಧನಾ ಪೇಪರ್‌ನಲ್ಲಿ ಇದನ್ನ ಮೋಸದ ಉಪಾಯ ಅಂತಾನೇ ಕರೆದಿದ್ದಾರೆ. ನಂಗ್ಯಾಕೋ ಮೋಸ ಅನ್ನಿಸ್ಲಿಲ್ಲ, ಎಲೆ ಹುಡುಕಿ ತೂತು ಕೊರೆಯೋ ಜಾಣತನವೂ ಒಂದು ಗುಣ ತಾನೇ? ಮತ್ತೆ ಎಲ್ಲಾ ಗಂಡುಗಳೂ ಯಾಕೆ ಮಾಡಲ್ಲ ಅಂದ್ರೆ, ಹುಟ್ಟಾ ಜೋರು ದನಿಯವಕ್ಕೆ ಇದ್ರಿಂದ ಅಂಥಾ ಲಾಭ ಇಲ್ವಂತೆ.